ಮೂವತ್ತಾರನೆಯ ನಾಡು

ಬಿರುನಾಣಿಯ ಹಾಳೆಯ ಬಲದಂಚು
ಕುಟ್ಟದ ಹಾಳೆಯ ಎಡದಂಚು
ಕೂಡುವುದಿಲ್ಲ.
ಮಡಿಕೇರಿ ಕೋಟೆಯೊಳಗೆ ಇಪ್ಪತ್ತಾರು ವರ್ಷ ಕೂತು
ನಕ್ಷೆಯ ಮೇಲೆ ನಕ್ಷೆ ಎಳೆದವಳು ಹೇಳುತ್ತಿದ್ದೇನೆ:
ನಡುವೆ ಕೂದಲೆಳೆಯಷ್ಟು ಬಿಳುಪು ಉಳಿಯುತ್ತದೆ.
ಜಮ್ಮವಲ್ಲ, ಬಾಣೆಯಲ್ಲ, ಪೈಸಾರಿಯೂ ಅಲ್ಲ.

ಹಿಂದಿನವರ ಪೆನ್ಸಿಲು ಮೊಂಡಾಗಿತ್ತು ಎಂದರು ಕೆಲವರು.
ಸರಪಳಿ ಎಳೆಯುವ ಬೊಳ್ಕ ಮಾತ್ರ
ಬೀಡಿಯನ್ನು ಕಿವಿಯ ಸಂದಿಗೆ ಸಿಕ್ಕಿಸಿ
‘ಅದು ಮೂವತ್ತಾರನೇ ನಾಡು, ಬರೆಯೋ ಅವ್ವಾ,
ನಾ ಹೋಗಿದ್ದೆ’ ಅಂದ.

ಹನ್ನೆರಡು ಕೊಂಬು, ಮೂವತ್ತೈದು ನಾಡು:
ಲೆಕ್ಕ ಹಾಕಿದವರು ಕುದುರೆಯ ಮೇಲಿದ್ದರಂತೆ.
ಇದು ಬರಿಗಾಲಿಗೆ ತಗಲುವ ನಾಡು.

ಅಲ್ಲಿ ಹೊಳೆ ಮುಂಜಾನೆ ಗುಡ್ಡ ಹತ್ತುತ್ತದೆ
ಮೇವಿಗೆ ಹೊರಟ ಎಮ್ಮೆಯ ಹಾಗೆ;
ಮಂಜು ಕುಡಿದು, ಹೊಟ್ಟೆ ತುಂಬಿ,
ಸಂಜೆ ಇಳಿಯುತ್ತದೆ
ಒಂದೆರಡು ಮೀನು ಹುಲ್ಲಲ್ಲಿ ಮರೆತು.

ಕಾಟಿ ಮಲಗಿದಲ್ಲೇ ಗುಡ್ಡ. ಎದ್ದರೆ ಬಯಲು.
ಹಾಗಾಗಿ ಗುಡ್ಡಗಳಿಗೆ ಹೆಸರಿಡುವುದಿಲ್ಲ.
ಎದ್ದು ಹೊರಟಾಗ ಬೆನ್ನ ಮೇಲಿನ ಮನೆಯವರು
ಒಲೆಯ ಮೇಲಿನ ಪಾತ್ರೆ ಹಿಡಿದುಕೊಳ್ಳುತ್ತಾರೆ, ಅಷ್ಟೆ.

ಮಂಗಟ್ಟೆ ಹಾರಿಹೋದ ಮೇಲೂ
ನೆರಳು ಕೊಂಬೆಯಲ್ಲೇ ಉಳಿದು
ಮಳೆಗಾಲಕ್ಕೆ ಪಾಚಿ ಹಿಡಿಯುತ್ತದೆ.

ಇಂಬಳವೂ ಉಂಟು. ಇಲ್ಲದಿದ್ದರೆ ಅದು ಕೊಡಗೇ?
ಆದರೆ ಹೀರುವುದಿಲ್ಲ, ತರುತ್ತದೆ.
ಹಿಮ್ಮಡಿಗೆ ಕಚ್ಚಿ, ಬೇರೆ ಯಾರದೋ ನೆತ್ತರು
ಒಂದು ತೊಟ್ಟು ಒಳಗಿಳಿಸಿ ಉದುರುತ್ತದೆ.
ಆ ದಿನವೆಲ್ಲ ಬೊಳ್ಕನಿಗೆ, ಮದುವೆಯೇ ಆಗದವನಿಗೆ,
ಹೆತ್ತ ಮೂರನೇ ದಿನದ ಎದೆಭಾರ.
‘ಏನು ಮಾಡಿದೆ?’
‘ಇನ್ನೇನು, ಬಂಡೆ ಮೇಲೆ ಕೂತು ಜೋಗುಳ ಹಾಡಿದೆ.’

ಜನ?
ಜನ ಕುಳ್ಳು. ಮಾತು ಕಮ್ಮಿ. ಸರಪಳಿ ಕಂಡರೆ ನಗು.
ಅವರ ಭೂಮಿಯೆಲ್ಲ ಕೂಗಳತೆಯದು:
ಕೂಗು, ಯಾರಾದರೂ ಓಗೊಡುವಲ್ಲಿವರೆಗೆ ನಿನ್ನದು,
ಅಲ್ಲಿಂದಾಚೆ ಅವರದು.
ಯಾರೂ ಓಗೊಡದವನೇ ದೊಡ್ಡ ಜಮೀನುದಾರ.
ಅವನನ್ನು ಕಂಡರೆ ಊರಿಗೆಲ್ಲ ಕನಿಕರ,
ಸರದಿಯ ಮೇಲೆ ಗಂಜಿ ಕೊಡುತ್ತಾರೆ.

ಇಲ್ಲಿ ಹುಟ್ಟಿದರೆ ಒಂದು ಗುಂಡು, ಸತ್ತರೆ ಎರಡು,
ಅದೂ ಕೋವಿಯಿರುವ ಮನೆಯಲ್ಲಿ.
ಅಲ್ಲಿ ಎಲ್ಲರಿಗೂ ಒಂದೇ.
ಹುಟ್ಟಿದಾಗ ಹಾರಿಸಿದ್ದು
ತಟ್ಟಬೇಕಾದ ಗುಡ್ಡ ಎದ್ದುಹೋಗಿ, ದಾರಿ ತಪ್ಪಿ,
ಅಲೆದು, ಅಲೆದು,
ಸಾಯುವ ದಿನ ಮರಳುತ್ತದೆ.
ಆ ಮಾರ್ದನಿಯೇ ಎರಡನೆಯದು.
‘ನಿಂಗೂ ಹಾರಿಸಿದ್ದರಾ?’
‘ಅಲ್ಲಿ ಕಾಲಿಟ್ಟವರೆಲ್ಲ ಆಗತಾನೆ ಹುಟ್ಟಿದ ಲೆಕ್ಕ’ ಅಂದು
ಬೀಡಿ ಹಚ್ಚಿದ.

ಈ ವರ್ಷ ಡ್ರೋನು ಬಂತು.
ಹೊಸ ಸಾಹೇಬರು ಹೇಳಿದರು:
ಹಾಳೆಗಳನ್ನೆಲ್ಲ ಕಂಪ್ಯೂಟರಿನಲ್ಲಿ ಹೊಂದಿಸಿ,
ಸೋಮವಾರದೊಳಗೆ. ಸಂದು ಕಾಣಬಾರದು.

ಕಕ್ಕಡ ಹದಿನೆಂಟರ ಮದ್ದುಸೊಪ್ಪಿನ ಪಾಯಸ
ಬಾಯಿಗೆ ತಾಗುವ ಮೊದಲೇ
ತಿತಿಮತಿಯ ಲೈನುಮನೆಯಲ್ಲಿ ಬೊಳ್ಕ ತೀರಿಕೊಂಡ.
ಫೋನಿನಲ್ಲಿ ಹೇಳಿದವನು ಮೇಸ್ತ್ರಿ;
ಹಾಜರಿಪುಸ್ತಕದಿಂದ ಹೆಸರು ಹೊಡೆಯಲೇ ಎಂದು
ನನ್ನನ್ನೇ ಕೇಳಿದ.
ಲೈನುಮನೆಯಲ್ಲಿ ಕೋವಿ ಎಲ್ಲಿಂದ ಬರಬೇಕು.

ಮೂರೂಕಾಲಿಗೆ ಒಂದು ಸದ್ದು.
ಎಲ್ಲರೂ ತಲೆಯೆತ್ತಿದರು.
ಪ್ರವಾಸಿಗಳ ಜೀಪಿನ ಸೈಲೆನ್ಸರ್ ಎಂದರು ಒಬ್ಬರು,
ಪಟಾಕಿ ಎಂದರು ಇನ್ನೊಬ್ಬರು,
ಚಹಾ ಬಂತು, ಮರೆತರು.
ಸದ್ದು ಬಂದದ್ದು ಕಿಟಕಿಯಿಂದಲ್ಲ,
ನನ್ನ ಮೇಜಿನಿಂದ.
ಗಾಜಿನಡಿಯ ಎರಡು ಹಾಳೆಗಳ ನಡುವೆ
ತೆಳ್ಳಗೆ ಮದ್ದಿನ ವಾಸನೆ.

ಸೋಮವಾರ ಹೊಂದಿಸಿಕೊಟ್ಟೆ.
ಬಿರುನಾಣಿಯ ರಸ್ತೆ ಕುಟ್ಟದ ರಸ್ತೆಗೆ
ಕೂದಲೆಳೆ ತಪ್ಪಿ ನಿಂತಿದೆ.
‘ಇದೇನು?’ ಎಂದು ಬೆರಳಿಟ್ಟರು ಸಾಹೇಬರು.
ಷರಾ ಕಲಮಿನಲ್ಲಿ ಒಂದೇ ಪದ ಬರೆದೆ: ಮಂಜು.
ಕೊಡಗಿನಲ್ಲಿ ಆ ಷರಾಕ್ಕೆ ಎದುರಾಡಿದವರಿಲ್ಲ.

ಬಸ್ಸಿಗೆ ಕಾಯುವಾಗ ಹಿಮ್ಮಡಿ ಕಡಿಯಿತು.
ಬಗ್ಗಿ ನೋಡಿದರೆ ಏನೂ ಇಲ್ಲ, ಒಂದು ಚುಕ್ಕೆ.
ಮನೆ ತಲುಪುವವರೆಗೂ ಬಾಯಲ್ಲಿ ಬೀಡಿಯ ಕಹಿ,
ಬೀಡಿ ಮುಟ್ಟಿದವಳೇ ಅಲ್ಲ ನಾನು,
ಮತ್ತು ಹೆಗಲಿಗೆ ಸರಪಳಿಯ ಭಾರ.